ಬೀಟಾ ಟೆಸ್ಟರ್ ಆಗಿ ಸೇರಬಹುದಾ? ನಾಲ್ಕು ವರ್ಷದ ಟಿಪ್ಪಣಿ ಇರುವ ಆ್ಯಪ್, ಸ್ವಲ್ಪ ಭಯ ಇದೆ

ಟಿಪ್ಪಣಿಗಾರ
ಎಲ್ಲರಿಗೂ ನಮಸ್ಕಾರ. ನಾನು ದಿನಾ ಬಳಸುವ ಒಂದು ಟಿಪ್ಪಣಿ ಆ್ಯಪ್ ಇದೆ. ನಾಲ್ಕು ವರ್ಷದಿಂದ ಅದರಲ್ಲಿ ಏನೇನೋ ಬರೆದಿಟ್ಟಿದ್ದೇನೆ. ಓದಿದ ಪುಸ್ತಕಗಳ ಪಟ್ಟಿ, ಅರ್ಧಕ್ಕೆ ನಿಂತ ಪದ್ಯಗಳು, ಯಾರಿಗೆ ಏನು ಕೊಟ್ಟಿದ್ದೇನೆ, ಯಾರು ವಾಪಸ್ ಕೊಟ್ಟಿಲ್ಲ, ಎಲ್ಲ. ನಿನ್ನೆ ಪ್ಲೇ ಸ್ಟೋರಿನಲ್ಲಿ ಆ ಆ್ಯಪಿನ ಪುಟದಲ್ಲಿ ಕೆಳಗೆ ಇಳಿಯುತ್ತಾ ಹೋದಾಗ ಬೀಟಾಗೆ ಸೇರಿ ಅಂತ ಕಾಣಿಸಿತು. ಎಲ್ಲರಿಗೂ ಬಿಡುವ ಮುಂಚೆ ಪರೀಕ್ಷೆಗೆ ಅಂತ ಕೊಡುವ ಆವೃತ್ತಿಯಂತೆ ಅದು. ಹೊಸ ಆವೃತ್ತಿಯಲ್ಲಿ ಹುಡುಕಾಟ ಚೆನ್ನಾಗಿ ಮಾಡಿದ್ದಾರಂತೆ, ಟ್ಯಾಗ್ ಹಾಕಬಹುದಂತೆ. ಕೈ ತುರಿಸುತ್ತಿದೆ, ಒತ್ತೋಕೆ ಧೈರ್ಯ ಬರುತ್ತಿಲ್ಲ. ಇದುವರೆಗೆ ಯಾವ ಬೀಟಾಗೂ ಸೇರಿದವನಲ್ಲ. ಸೇರಿದರೆ ಏನಾಗುತ್ತೆ? ಬೇಡ ಅನಿಸಿದರೆ ಸುಮ್ನೆ ಹೊರಗೆ ಬರಬಹುದಾ?

ನಿಶಾಚರ
ಒತ್ತಿ ಸರ್. ಏನೂ ಆಗಲ್ಲ. ನಾನು ಹನ್ನೊಂದು ಆ್ಯಪಿನ ಬೀಟಾದಲ್ಲಿದ್ದೇನೆ.

ಹಳೇಬೇರು
‘ಏನೂ ಆಗಲ್ಲ’ ಅಂತ ಹೇಳುವವರ ಫೋನಿನಲ್ಲಿ ಕಳೆದುಕೊಳ್ಳುವಂಥದ್ದು ಏನೂ ಇರಲ್ಲ, ಅಷ್ಟೇ.

ಟಿಪ್ಪಣಿಗಾರರೇ, ಒಳಗೆ ಹೋಗೋದು ಸುಲಭ, ಒಂದು ಗುಂಡಿ. ಹೊರಗೆ ಬರೋದು ಅಭಿಮನ್ಯುವಿನ ಕಥೆ. ಪ್ಲೇ ಸ್ಟೋರಿನಲ್ಲಿ ಅದೇ ಜಾಗದಲ್ಲಿ ಹೊರಬರುವ ಗುಂಡಿ ಇರುತ್ತೆ ನಿಜ, ಅದನ್ನು ಒತ್ತಿದ ಮಾತ್ರಕ್ಕೆ ಫೋನಿನಲ್ಲಿರುವ ಬೀಟಾ ಹೋಗಲ್ಲ. ನಿಮ್ಮ ಹೆಸರು ಪಟ್ಟಿಯಿಂದ ಹೋಗುತ್ತೆ, ಆ್ಯಪ್ ಹಾಗೇ ಕೂತಿರುತ್ತೆ. ಹಳೆಯದು ಬೇಕು ಅಂದರೆ ಬೀಟಾವನ್ನು ಪೂರ್ತಿ ತೆಗೆದು, ಸಾಮಾನ್ಯ ಆವೃತ್ತಿಯನ್ನು ಮತ್ತೆ ಹಾಕಿಕೊಳ್ಳಬೇಕು. ತೆಗೆದಾಗ ಫೋನಿನೊಳಗೆ ಮಾತ್ರ ಇದ್ದ ಟಿಪ್ಪಣಿಗಳೂ ಜೊತೆಗೇ ಹೋಗುತ್ತವೆ.

ಟಿಪ್ಪಣಿಗಾರ
ಅಯ್ಯೋ. ಬೀಟಾದ ಮೇಲೇ ಹಳೆಯದನ್ನು ಹಾಕೋಕೆ ಆಗಲ್ವಾ?

ಸೊನ್ನೆಒಂದು
ಆಗಲ್ಲ. ಪ್ರತಿ ಆವೃತ್ತಿಗೂ ಒಳಗೆ ಒಂದು ಸಂಖ್ಯೆ ಇರುತ್ತೆ. ದೊಡ್ಡ ಸಂಖ್ಯೆ ಕೂತ ಜಾಗದಲ್ಲಿ ಚಿಕ್ಕ ಸಂಖ್ಯೆಯನ್ನು ಕೂರಿಸಲು ಆಂಡ್ರಾಯ್ಡ್ ಬಿಡೋದಿಲ್ಲ. ಅದಕ್ಕೆ ಕಾರಣವೂ ಇದೆ. ಹೊಸ ಆವೃತ್ತಿ ಮೊದಲ ಸಲ ತೆರೆದ ಕೂಡಲೇ ನಿಮ್ಮ ಹಳೆಯ ಡೇಟಾಬೇಸನ್ನು ತನಗೆ ಬೇಕಾದ ಹಾಗೆ ಬದಲಾಯಿಸಿಕೊಂಡಿರುತ್ತೆ. ನೀವು ಹೇಳಿದ ಟ್ಯಾಗ್ ಇದೆಯಲ್ಲ, ಅದಕ್ಕೊಂದು ಹೊಸ ಖಾನೆ ಮಾಡಿರುತ್ತೆ. ಹಳೆಯ ಆವೃತ್ತಿಗೆ ಆ ಖಾನೆ ಏನು ಅಂತಲೇ ಗೊತ್ತಿರಲ್ಲ, ತೆರೆದರೆ ಅಲ್ಲೇ ಬೀಳುತ್ತೆ.

ಇನ್ನೊಂದು ದಾರಿ ಇದೆ, ಕಾಯೋದು. ಪಟ್ಟಿಯಿಂದ ಹೊರಬಂದು ಸುಮ್ನೆ ಕೂತರೆ, ಸಾಮಾನ್ಯ ಆವೃತ್ತಿ ಯಾವತ್ತೋ ಬೀಟಾವನ್ನು ದಾಟಿ ಮುಂದೆ ಹೋಗುತ್ತೆ, ಆಗ ಮಾಮೂಲಿ ಅಪ್‌ಡೇಟ್ ಬಂದು ನೀವು ತಾನಾಗೇ ಹೊರಗೆ. ಏನೂ ಅಳಿಯಲ್ಲ. ಅಲ್ಲಿವರೆಗೆ ಆ ಬೀಟಾದ ಜೊತೆಗೇ ಸಂಸಾರ ಮಾಡಬೇಕು.

ಗುಬ್ಬಚ್ಚಿ
ಐಫೋನಿನಲ್ಲಿ ಟೆಸ್ಟ್‌ಫ್ಲೈಟ್ ಅಂತ ಬೇರೆ ಆ್ಯಪ್ ಹಾಕಿಕೊಳ್ಳಬೇಕು, ಅದರ ಮೂಲಕ ಬೀಟಾ ಬರುತ್ತೆ. ಅಲ್ಲಿ ಒಂದು ಬಿಲ್ಡ್, ಅಂದರೆ ಡೆವಲಪರ್ ಕಳಿಸುವ ಒಂದೊಂದು ಆವೃತ್ತಿ, 90 ದಿನ ಮಾತ್ರ. ಆಮೇಲೆ ತೆರೆಯೋದೇ ಇಲ್ಲ. ನನಗೆ ಇದು ಗೊತ್ತಿರಲಿಲ್ಲ. ಡೆವಲಪರ್ ಹೊಸ ಬಿಲ್ಡ್ ಹಾಕೋದನ್ನು ನಿಲ್ಲಿಸಿದ್ದ. ಒಂದು ಬೆಳಿಗ್ಗೆ ಆ್ಯಪ್ ಒತ್ತಿದರೆ ಬೀಟಾ ಅವಧಿ ಮುಗಿದಿದೆ ಅಂತ ಬಂತು. ಒಳಗೆ ನನ್ನ ಓಟದ ಆರು ತಿಂಗಳ ಲೆಕ್ಕ ಇತ್ತು. ಪುಣ್ಯಕ್ಕೆ ಆ್ಯಪ್ ಸ್ಟೋರಿನ ಆವೃತ್ತಿಯನ್ನು ಅದರ ಮೇಲೇ ಹಾಕಿಕೊಂಡಾಗ ಲೆಕ್ಕ ಹಾಗೇ ಸಿಕ್ಕಿತು. ಆದರೆ ಆ ಹತ್ತು ನಿಮಿಷ ನನ್ನ ಎದೆ ಬಡಿತಾನೂ ಆ ಆ್ಯಪಿನಲ್ಲಿ ದಾಖಲಾಗಬೇಕಿತ್ತು.

ನಿಶಾಚರ
ಎಲ್ಲರೂ ಸೇರಿ ಅವರನ್ನು ಹೆದರಿಸುತ್ತಿದ್ದೀರಿ. ಬ್ಯಾಕಪ್ ತೆಗೆದುಕೊಂಡು ಸೇರಿ ಅಂದರೆ ಮುಗಿಯಿತಲ್ಲ.

ಮಿಂಚುಹುಳ
ಬ್ಯಾಕಪ್ ಬಗ್ಗೆ ನನ್ನ ಹತ್ತಿರ ಹೇಳಿಸಿಕೊಳ್ಳಿ. ಒಂದು ದಿನಚರಿ ಆ್ಯಪಿನ ಬೀಟಾಗೆ ಸೇರುವ ಮುಂಚೆ ಜಾಣನ ಹಾಗೆ ಬ್ಯಾಕಪ್ ತೆಗೆದೆ. ‘ಯಶಸ್ವಿಯಾಗಿದೆ’ ಅಂತ ಹಸಿರು ಗುರುತೂ ಬಂತು. ಎರಡು ವಾರ ಬೀಟಾ ಚೆನ್ನಾಗೇ ಓಡಿತು, ಮೂರನೇ ವಾರ ಫೋಟೋ ಇರುವ ಪುಟ ತೆರೆದಾಗಲೆಲ್ಲ ಕ್ರ್ಯಾಶ್. ಸರಿ ಅಂತ ತೆಗೆದುಹಾಕಿ ಹಳೆಯದನ್ನು ಹಾಕಿಕೊಂಡು ಬ್ಯಾಕಪ್ ಫೈಲ್ ಹುಡುಕಿದೆ. ಸಿಕ್ಕಿತು. ತೂಕ 1 ಕೆಬಿ. ಮೂರು ವರ್ಷದ ದಿನಚರಿ 1 ಕೆಬಿ! ತೆರೆದು ನೋಡಿದರೆ ಎರಡು ಆವರಣ ಚಿಹ್ನೆ, ನಡುವೆ ಖಾಲಿ. ಅದನ್ನು ನಾನು ಇವತ್ತಿಗೂ ಅಳಿಸಿಲ್ಲ.

ಹಾಗಾಗಿ ಬ್ಯಾಕಪ್ ತೆಗೆಯೋದಲ್ಲ, ತೆಗೆದ ಫೈಲನ್ನು ಇನ್ನೊಂದು ಫೋನಿನಲ್ಲಿ ತೆರೆದು ನೋಡಿ. ಒಂದು ಹಳೆಯ ಟಿಪ್ಪಣಿ, ಒಂದು ನಿನ್ನೆಯದು, ಫೋಟೋ ಇರುವುದು ಒಂದು. ಮೂರೂ ಬಂದರೆ ಮಾತ್ರ ಬ್ಯಾಕಪ್.

ಬಿಡುವಿಲ್ಲದವ
ಗೂಗಲ್ ತಾನಾಗೇ ಬ್ಯಾಕಪ್ ಮಾಡುತ್ತಲ್ವಾ?

ಸೊನ್ನೆಒಂದು
ಆಂಡ್ರಾಯ್ಡಿನ ಆಟೋ ಬ್ಯಾಕಪ್ ಒಂದು ಆ್ಯಪಿಗೆ 25 ಎಂಬಿ ತನಕ ಮಾತ್ರ. ಅದನ್ನೂ ಡೆವಲಪರ್ ಬೇಡ ಅಂತ ನಿಲ್ಲಿಸಿರಬಹುದು. ಮೇಲಾಗಿ ಹೊಸ ಆವೃತ್ತಿಯಿಂದ ತೆಗೆದ ಬ್ಯಾಕಪ್ಪು ಸಾಮಾನ್ಯವಾಗಿ ಹಳೆಯ ಆವೃತ್ತಿಗೆ ಇಳಿಯಲ್ಲ, ಡೆವಲಪರ್ ವಿಶೇಷವಾಗಿ ಒಪ್ಪಿಗೆ ಕೊಟ್ಟಿರಬೇಕು. ಅದನ್ನು ನಂಬಿ ಬೀಟಾಗೆ ಹೋಗೋದು ಬೇಡ.

ಟಿಪ್ಪಣಿಗಾರ
ಸರಿ, ಒಂದು ಉಪಾಯ ಹೊಳೆಯಿತು. ಮನೆಯಲ್ಲಿ ಒಂದು ಹಳೆಯ ಫೋನ್ ಇದೆ, ಆಂಡ್ರಾಯ್ಡ್ 11. ಅದರಲ್ಲಿ ಮಾತ್ರ ಬೀಟಾ ಹಾಕಿಕೊಂಡು ಆಡುತ್ತೇನೆ. ನನ್ನ ಮುಖ್ಯ ಫೋನ್ ಹಾಗೇ ಇರಲಿ. ಹೇಗೆ?

ಕಟ್ಟುವವಳು
ತಡೆಯಿರಿ, ಇನ್ನೂ ಒತ್ತಬೇಡಿ. ಬೀಟಾಗೆ ಸೇರುವುದು ಫೋನ್ ಅಲ್ಲ, ನಿಮ್ಮ ಗೂಗಲ್ ಖಾತೆ. ಹಳೆಯ ಫೋನಿನಲ್ಲಿ ಅದೇ ಖಾತೆಯಿಂದ ಸೇರಿದರೆ ಮುಖ್ಯ ಫೋನಿಗೂ ಬೀಟಾ ಬಂದು ಕೂರುತ್ತೆ, ರಾತ್ರಿ ಆಟೋ ಅಪ್‌ಡೇಟ್ ಆಗುವಾಗ, ನಿಮ್ಮನ್ನು ಕೇಳದೆ. ಹಳೆಯ ಫೋನಿಗೆ ಬೇರೆ ಖಾತೆ ಹಾಕಿ.

ಇನ್ನೊಂದು ಮಾತು. ಆ್ಯಪಿನೊಳಗೆ ಲಾಗಿನ್ ಇದ್ದು ಟಿಪ್ಪಣಿಗಳು ಸರ್ವರಿಗೆ ಸಿಂಕ್ ಆಗುತ್ತಿದ್ದರೆ ಅಲ್ಲಿಯೂ ಬೇರೆ ಲಾಗಿನ್ ಮಾಡಿ. ಬೀಟಾ ತಪ್ಪಾಗಿ ಹತ್ತು ಟಿಪ್ಪಣಿ ಅಳಿಸಿದರೆ, ಸಿಂಕ್ ಅದನ್ನು ಅಷ್ಟೇ ಶ್ರದ್ಧೆಯಿಂದ ಎಲ್ಲ ಕಡೆಯೂ ಅಳಿಸುತ್ತೆ. ನಾನು ಆ್ಯಪ್ ಮಾಡುವವಳು, ಇದನ್ನು ನನ್ನ ಟೆಸ್ಟರುಗಳಿಗೆ ನಾನೇ ಮಾಡಿದ್ದೇನೆ. ಅವರಲ್ಲಿ ಒಬ್ಬರು ಇನ್ನೂ ನನ್ನ ಜೊತೆ ಸರಿಯಾಗಿ ಮಾತಾಡಲ್ಲ.

ಟಿಪ್ಪಣಿಗಾರ
ಇದು ನೂರಕ್ಕೆ ನೂರು ನನಗೆ ಗೊತ್ತಿರಲಿಲ್ಲ ಮೇಡಂ. ಬೆರಳು ಗುಂಡಿಯ ಮೇಲೇ ಇತ್ತು.

ಒಂಟಿಸಲಗ
ನನ್ನ ಮೂಲ ಪ್ರಶ್ನೆಯೇ ಬೇರೆ. ನಾವ್ಯಾಕೆ ಇದನ್ನೆಲ್ಲ ಮಾಡಬೇಕು? ಹಳೆ ಫೋನ್ ಹುಡುಕು, ಬೇರೆ ಖಾತೆ ತೆಗೆ, ಬ್ಯಾಕಪ್ ಪರೀಕ್ಷೆ ಮಾಡು, ಆಮೇಲೆ ಬಗ್ ಹಿಡಿದು ಬರೆದು ಕಳಿಸು. ಕಂಪನಿಗಳು ಸಂಬಳ ಕೊಟ್ಟು ಟೆಸ್ಟರುಗಳನ್ನು ಇಟ್ಟುಕೊಳ್ಳಬೇಕಾದ ಕೆಲಸ ಇದು. ಬಿಟ್ಟಿ ಚಾಕರಿಗೆ ‘ಬೀಟಾ ಕುಟುಂಬಕ್ಕೆ ಸ್ವಾಗತ’ ಅಂತ ಒಂದು ಚಂದದ ಹೆಸರು.

ನಿಶಾಚರ
ಯಾರೂ ನಿಮ್ಮ ಕೈ ಹಿಡಿದು ಒತ್ತಿಸುತ್ತಿಲ್ಲ ಗುರು.

ಒಂಟಿಸಲಗ
ಒತ್ತಿಸಲ್ಲ, ಸರಿ. ಆದರೆ ಇಂಥಿಂಥ ಸೌಲಭ್ಯ ಮೊದಲು ನಿಮಗೇ ಅಂತ ಆಸೆ ತೋರಿಸುತ್ತಾರೆ. ಆಮೇಲೆ ಏನಾದರೂ ಹೋದರೆ ‘ಇದು ಬೀಟಾ ಅಂತ ಮೊದಲೇ ಹೇಳಿದ್ದೆವಲ್ಲ’ ಅನ್ನುತ್ತಾರೆ. ಜೀಮೇಲ್ 2004ರಿಂದ 2009ರ ತನಕ ಬೀಟಾ ಅಂತಲೇ ಬೋರ್ಡ್ ಹಾಕಿಕೊಂಡಿತ್ತು, ಐದು ವರ್ಷ! ಅಂದಮೇಲೆ ಆ ಪದಕ್ಕೆ ಏನು ಅರ್ಥ?

ಕಟ್ಟುವವಳು
ದೊಡ್ಡ ಕಂಪನಿಗಳ ಪರವಾಗಿ ನಾನು ಮಾತಾಡಲ್ಲ. ಆದರೆ ಸಣ್ಣವರ ಪಾಡು ಕೇಳಿ. 2023ರ ನವೆಂಬರ್ 13ರ ನಂತರ ವೈಯಕ್ತಿಕ ಡೆವಲಪರ್ ಖಾತೆ ತೆರೆದವರು ಪ್ಲೇ ಸ್ಟೋರಿನಲ್ಲಿ ನೇರವಾಗಿ ಆ್ಯಪ್ ಬಿಡುವ ಹಾಗಿಲ್ಲ. ಮೊದಲು ಕ್ಲೋಸ್ಡ್ ಟೆಸ್ಟ್, ಅಂದರೆ ನಾವು ಕರೆದವರಿಗೆ ಮಾತ್ರ ಕೊಟ್ಟು ಪರೀಕ್ಷೆ, ಮಾಡಬೇಕು. ಆರಂಭದಲ್ಲಿ 20 ಜನ ಟೆಸ್ಟರುಗಳು ಬೇಕಿತ್ತು, 2024ರ ಡಿಸೆಂಬರಿನಲ್ಲಿ 12ಕ್ಕೆ ಇಳಿಸಿದರು. ಆ 12 ಜನ ಸತತ 14 ದಿನ ಪಟ್ಟಿಯಲ್ಲಿರಬೇಕು. ನಡುವೆ ಯಾರೋ ಒಬ್ಬರು ಬೇಜಾರಾಗಿ ಹೊರಗೆ ಹೋಗಿ ಸಂಖ್ಯೆ ಕಮ್ಮಿಯಾದರೆ ನನ್ನ ಲೆಕ್ಕ ಕೆಡುತ್ತೆ.

ನಾನು ಅಣ್ಣ, ಅತ್ತಿಗೆ, ಹಳೆಯ ಸಹಪಾಠಿಗಳು, ಅವರ ತಮ್ಮಂದಿರು ಅಂತ 13 ಜನರನ್ನು ಗುಡ್ಡೆ ಹಾಕಿದೆ. ಒಂಬತ್ತನೇ ದಿನ ಇಬ್ಬರು ನಾಪತ್ತೆ. ಕೇಳಿದರೆ ಒಬ್ಬ ‘ಜಾಗ ಸಾಲಲಿಲ್ಲ, ತೆಗೆದುಬಿಟ್ಟೆ’ ಅಂದ. ಇನ್ನೊಬ್ಬಳು ಪಟ್ಟಿಯಿಂದಲೇ ಹೊರಗೆ ಬಂದಿದ್ದಳು, ಗುಂಡಿ ಇತ್ತು ಒತ್ತಿದೆ ಅಂತ.

ಹಳೇಬೇರು
ಅದಕ್ಕೇ ಈಗ ‘ನೀನು ನನ್ನದನ್ನು ಪರೀಕ್ಷಿಸು, ನಾನು ನಿನ್ನದನ್ನು’ ಅಂತ ಗುಂಪುಗಳು ಹುಟ್ಟಿವೆ. ಹದಿನಾಲ್ಕು ದಿನ ಹಾಕಿಕೊಂಡಿರುತ್ತಾರೆ, ಒಂದು ಸಲವೂ ತೆರೆಯಲ್ಲ. ಅದು ಪರೀಕ್ಷೆಯಾ? ಹಾಜರಿ ಪುಸ್ತಕಕ್ಕೆ ಸಹಿ.

ಕಟ್ಟುವವಳು
ಒಪ್ಪಿದೆ. ಹದಿಮೂರರಲ್ಲಿ ನಿಜವಾಗಿ ಬಳಸಿದವರು ಮೂರು ಜನ. ಆ ಮೂವರಿಂದಲೇ ಆ್ಯಪ್ ಉದ್ಧಾರ ಆಯಿತು.

ಅಲ್ಪವಿರಾಮ
ಒಂಟಿಸಲಗರಿಗೆ ಒಂದು ಕಾರಣ ನಾನು ಕೊಡುತ್ತೇನೆ, ಕನ್ನಡ. ನಾವು ಬೀಟಾದಲ್ಲಿ ಹೋಗಿ ಕೂರದಿದ್ದರೆ ನಮ್ಮ ಅಕ್ಷರ ಹೇಗೆ ಕಾಣುತ್ತೆ ಅಂತ ನೋಡುವವರೇ ಇರಲ್ಲ. ಒಂದು ಆ್ಯಪಿನ ಕನ್ನಡ ಆವೃತ್ತಿಯಲ್ಲಿ ಗುಂಡಿಯ ಎತ್ತರವನ್ನು ಇಂಗ್ಲಿಷ್ ಅಕ್ಷರಕ್ಕೆ ಅಳೆದು ಇಟ್ಟಿದ್ದರು. ಒತ್ತಕ್ಷರ ಎಲ್ಲ ಕೆಳಗೆ ಕತ್ತರಿಸಿ ಹೋಗಿತ್ತು. ‘ರದ್ದು’ ಅನ್ನೋದು ‘ರದು’, ‘ಎಲ್ಲ’ ಅನ್ನೋದು ‘ಎಲ’, ‘ಹಿಂದಕ್ಕೆ’ ಅನ್ನೋದು ‘ಹಿಂದಕೆ’. ಓದುತ್ತಾ ಹೋದರೆ ಹಳೆಗನ್ನಡದ ಪದ್ಯದ ಹಾಗೆ ಕೇಳುತ್ತಿತ್ತು.

ಅನುವಾದ ಇನ್ನೂ ಮಜಾ. ಅನುವಾದ ಮಾಡುವವರಿಗೆ ಬರೀ ಪದಗಳ ಪಟ್ಟಿ ಕೊಟ್ಟಿರುತ್ತಾರೆ, ಯಾವ ಪದ ಎಲ್ಲಿ ಬರುತ್ತೆ ಅಂತ ಹೇಳಿರಲ್ಲ. ಹಂಚಿಕೊಳ್ಳುವ ಗುಂಡಿಯ ಮೇಲೆ ‘ಷೇರು’ ಅಂತ ಬರೆದಿತ್ತು. ಸೇವ್ ಗುಂಡಿಯ ಮೇಲೆ, ನಂಬಿ, ‘ಕಾಪಾಡಿ’!

ಗುಬ್ಬಚ್ಚಿ
ಕಾಪಾಡಿ 😂 ಬೀಟಾಗೆ ಸರಿಯಾದ ಪದವೇ ಅದು.

ಮಿಂಚುಹುಳ
ನನ್ನ 1 ಕೆಬಿ ಫೈಲಿಗೆ ಆ ಗುಂಡಿ ಬೇಕಿತ್ತು.

ಬಿಡುವಿಲ್ಲದವ
ಅಲ್ಪವಿರಾಮ ಅವರೇ, ಆಮೇಲೆ ಸರಿ ಮಾಡಿದರಾ?

ಅಲ್ಪವಿರಾಮ
ಒತ್ತಕ್ಷರ ಎರಡು ವಾರದಲ್ಲಿ ಸರಿಯಾಯಿತು, ಸ್ಕ್ರೀನ್‌ಶಾಟಿನ ಮೇಲೆ ಕೆಂಪು ಗೆರೆ ಎಳೆದು ಕಳಿಸಿದ್ದೆ. ‘ಕಾಪಾಡಿ’ ಮಾತ್ರ ಮೂರು ತಿಂಗಳು ಇತ್ತು. ಅದು ತಪ್ಪು ಅಂತ ಅವರಿಗೆ ಅರ್ಥ ಮಾಡಿಸೋದು ಕಷ್ಟ ಆಯಿತು, ನಿಘಂಟಿನಲ್ಲಿ ಸರಿಯಾಗೇ ಇದೆಯಲ್ಲ ಅಂತ ಅವರ ವಾದ.

ನಿಶಾಚರ
ನನ್ನದೊಂದು ದೂರು. ಒಂದು ಬೀಟಾ ಬ್ಯಾಟರಿ ತಿಂದು ಹಾಕುತ್ತಿತ್ತು. ಕೋಪಕ್ಕೆ ಒಂದು ಸ್ಟಾರ್ ಕೊಟ್ಟು ಉದ್ದಕ್ಕೆ ಬರೆದೆ. ಯಾರಿಗೂ ಕಾಣಿಸುತ್ತಿಲ್ಲ! ಅಳಿಸಿಬಿಟ್ಟರಾ ಅಂತ ಮತ್ತೆ ಬರೆದೆ. ಅದೂ ಇಲ್ಲ.

ಸೊನ್ನೆಒಂದು
ಅಳಿಸಿಲ್ಲ. ಪ್ಲೇ ಸ್ಟೋರಿನಲ್ಲಿ ಬೀಟಾ ಟೆಸ್ಟರುಗಳು ಬರೆದದ್ದು ಡೆವಲಪರಿಗೆ ಮಾತ್ರ ಹೋಗುತ್ತೆ, ಊರಿಗೆಲ್ಲ ಕಾಣಲ್ಲ, ಸ್ಟಾರ್ ಲೆಕ್ಕಕ್ಕೂ ಸೇರಲ್ಲ. ಬಾಗಿಲು ಹಾಕಿದ ಕೋಣೆಯಲ್ಲಿ ಬೈದಿದ್ದೀರಿ.

ನಿಶಾಚರ
ಮೂರು ಪ್ಯಾರಾ ಬರೆದಿದ್ದೆ ಮಾರಾಯ್ರೇ.

ಹಳೇಬೇರು
ಹನ್ನೊಂದು ಬೀಟಾದಲ್ಲಿರುವವರಿಗೆ ಇದು ಗೊತ್ತಿರಲಿಲ್ವಾ? 🙂

ಬಿಡುವಿಲ್ಲದವ
ಇಲ್ಲೇ ಕೇಳಿಬಿಡುತ್ತೇನೆ. ನನಗೆ ಒಬ್ಬರು ಮೆಸೇಜ್ ಮಾಡಿ, ಹೊಸ ಹೂಡಿಕೆ ಆ್ಯಪ್, ಇನ್ನೂ ಬೀಟಾದಲ್ಲಿದೆ, ಆಯ್ದವರಿಗೆ ಮಾತ್ರ, ಈಗ ಸೇರಿದರೆ ಬೋನಸ್ ಅಂತ ಲಿಂಕ್ ಕಳಿಸಿದ್ದಾರೆ. ಸೇರಬಹುದಾ?

ಕಟ್ಟುವವಳು
ಬೇಡ. ಬೇಡವೇ ಬೇಡ.

ಸೊನ್ನೆಒಂದು
ಆ ಲಿಂಕ್ ಒತ್ತಿಲ್ಲ ತಾನೇ? ಇದೇ ಹಳೆಯ ಆಟ. ಗುರುತು ಪರಿಚಯ ಮಾಡಿಕೊಂಡು, ನಂಬಿಕೆ ಬೆಳೆಸಿ, ಬೀಟಾ ಅಂತ ಹೇಳಿ ಕಳ್ಳ ಆ್ಯಪ್ ಹಾಕಿಸುತ್ತಾರೆ. ಅದರಲ್ಲಿ ಲಾಭ ಏರುತ್ತಿರುವ ಹಾಗೆ ಅಂಕಿ ತೋರಿಸುತ್ತೆ, ಹಣ ವಾಪಸ್ ಕೇಳಿದಾಗ ಗೊತ್ತಾಗುತ್ತೆ. ಅಮೆರಿಕದ ಎಫ್‌ಬಿಐ 2023ರ ಆಗಸ್ಟಿನಲ್ಲಿ ಇದರ ಬಗ್ಗೆಯೇ ಎಚ್ಚರಿಕೆ ಕೊಟ್ಟಿತ್ತು. ಬೀಟಾ ಅನ್ನೋ ಪದ ಅವರಿಗೆ ಅನುಕೂಲ. ಅಂಗಡಿಯಲ್ಲಿ ಯಾಕಿಲ್ಲ ಅಂತ ಕೇಳಿದರೆ ‘ಇನ್ನೂ ಬೀಟಾ’, ವಿಮರ್ಶೆ ಯಾಕಿಲ್ಲ ಅಂದರೆ ‘ಬೀಟಾ’, ಹಣ ಯಾಕೆ ಬರುತ್ತಿಲ್ಲ ಅಂದರೆ ‘ಬೀಟಾದಲ್ಲಿ ಸಣ್ಣ ತೊಂದರೆ’.

ಪ್ಲೇ ಸ್ಟೋರಿನದ್ದೇ ಪುಟ ಅಥವಾ ಟೆಸ್ಟ್‌ಫ್ಲೈಟ್ ಲಿಂಕ್ ಬಿಟ್ಟು ಬೇರೆಲ್ಲಿಂದಲೋ ಎಪಿಕೆ (ಆ್ಯಪ್ ಹಾಕುವ ಫೈಲ್) ಇಳಿಸಿಕೊಳ್ಳಿ ಅಂದರೆ ಅಲ್ಲೇ ನಿಲ್ಲಿ. ಟೆಸ್ಟ್‌ಫ್ಲೈಟ್ ಲಿಂಕ್ ಅಂದ ಮಾತ್ರಕ್ಕೂ ಕಣ್ಣು ಮುಚ್ಚಿ ಒತ್ತಬೇಡಿ. ಹಣ ಓಡಾಡುವ ಆ್ಯಪಿನ ಬೀಟಾ, ಅಸಲಿ ಬ್ಯಾಂಕಿನದ್ದೇ ಆದರೂ, ನಾನಂತೂ ಮುಟ್ಟಲ್ಲ.

ಬಿಡುವಿಲ್ಲದವ
ಒತ್ತಿಲ್ಲ. ಈಗಲೇ ಬ್ಲಾಕ್ ಮಾಡಿದೆ. ಧನ್ಯವಾದ.

ಟಿಪ್ಪಣಿಗಾರ
ಸೇರಿಬಿಟ್ಟೆ! ಹಳೆಯ ಫೋನ್, ಹೊಸ ಗೂಗಲ್ ಖಾತೆ, ಆ್ಯಪಿಗೂ ಬೇರೆ ಲಾಗಿನ್. ಬ್ಯಾಕಪ್ ಫೈಲ್ 18 ಎಂಬಿ, ಅದನ್ನು ಹಳೆಯ ಫೋನಿನಲ್ಲಿ ತೆರೆದು ಮೂರು ಟಿಪ್ಪಣಿಯೂ ನೋಡಿದೆ ಮಿಂಚುಹುಳ ಅವರೇ. ಸೇರಿದ ಮೇಲೆ ಬೀಟಾ ಬರೋಕೆ ಸ್ವಲ್ಪ ಹೊತ್ತು ಹಿಡಿಯಿತು, ಅಲ್ಲಿವರೆಗೆ ಏನೋ ತಪ್ಪಾಯಿತು ಅಂತ ಹತ್ತು ಸಲ ನೋಡಿದೆ. ಹುಡುಕಾಟ ನಿಜವಾಗಿಯೂ ಚೆನ್ನಾಗಿದೆ.

ಆದರೆ ಮೊದಲ ದಿನವೇ ಒಂದು ಬಗ್ ಸಿಕ್ಕಿತು. ‘ಉಳಿಸಿ ಕೆಲಸ ಮಾಡುತ್ತಿಲ್ಲ, ದಯವಿಟ್ಟು ಸರಿಪಡಿಸಿ’ ಅಂತ ಬರೆದು ಕಳಿಸಿದ್ದೇನೆ. ಹೆಮ್ಮೆ ಆಗುತ್ತಿದೆ.

ಕಟ್ಟುವವಳು
ಅಭಿನಂದನೆ. ಈಗ ಬೇಜಾರಾಗಬೇಡಿ, ಆ ವರದಿ ಅಡ್ಡಗೋಡೆ ಮೇಲೆ ದೀಪ ಇಟ್ಟ ಹಾಗಿದೆ. ಎಲ್ಲಿಯ ಉಳಿಸಿ? ಟಿಪ್ಪಣಿಯದ್ದಾ, ಟ್ಯಾಗಿನದ್ದಾ? ಒತ್ತಿದರೆ ಏನೂ ಆಗಲ್ವಾ, ಕ್ರ್ಯಾಶ್ ಆಗುತ್ತಾ, ಉಳಿದ ಹಾಗೆ ಕಂಡು ಆಮೇಲೆ ಮಾಯ ಆಗುತ್ತಾ? ಈ ಮೂರೂ ಮೂರು ಬೇರೆ ಬೇರೆ ಕಾಯಿಲೆ. ಡೆವಲಪರ್ ಅದನ್ನು ಓದಿ, ತನ್ನ ಫೋನಿನಲ್ಲಿ ಒಂದು ಟಿಪ್ಪಣಿ ಬರೆದು, ಉಳಿಸಿ ಒತ್ತಿ, ಉಳಿಯಿತಲ್ಲ ಅಂತ ನಿಮ್ಮ ವರದಿಯನ್ನು ಪಕ್ಕಕ್ಕೆ ಇಡುತ್ತಾನೆ.

ಮಿಂಚುಹುಳ
ಈ ಕಾಲದಲ್ಲೂ ಉಳಿಸಿ ಅಂತ ಒತ್ತಬೇಕಾದ ಟಿಪ್ಪಣಿ ಆ್ಯಪ್ ಇದೆಯಾ?

ಟಿಪ್ಪಣಿಗಾರ
ಟಿಪ್ಪಣಿ ತಾನಾಗೇ ಉಳಿಯುತ್ತೆ. ಇದು ನೆನಪಿಸುವ ಅಲಾರಂ ಇಡುವ ಪುಟ. ಹೊತ್ತು ಆರಿಸಿ, ವಿಷಯ ಬರೆದು, ಉಳಿಸಿ ಒತ್ತಬೇಕು. ಸರಿಯಾಗಿ ಹೇಳಬೇಕು ಅಂದರೆ ಒತ್ತಿದರೆ ಕೆಲಸ ಮಾಡಲ್ಲ ಅಂತಲ್ಲ, ಗುಂಡಿಯೇ ಕಾಣುತ್ತಿಲ್ಲ.

ಹಳೇಬೇರು
ಕಾಣುತ್ತಿಲ್ಲ ಅನ್ನೋದಕ್ಕೂ ಕೆಲಸ ಮಾಡುತ್ತಿಲ್ಲ ಅನ್ನೋದಕ್ಕೂ ಭೂಮಿ ಆಕಾಶದಷ್ಟು ದೂರ ಸ್ವಾಮಿ!

ಸೊನ್ನೆಒಂದು
ಹೀಗೆ ಬರೆಯಿರಿ. ಫೋನ್ ಮಾದರಿ, ಆಂಡ್ರಾಯ್ಡ್ ಎಷ್ಟು, ಆ್ಯಪಿನ ಆವೃತ್ತಿ ಸಂಖ್ಯೆ. ಆಮೇಲೆ ನೀವು ಮುಟ್ಟಿದ ಪ್ರತಿಯೊಂದು ಜಾಗವನ್ನೂ ಕ್ರಮವಾಗಿ ಹೇಳಿ, ಅಡ್ರೆಸ್ ಗೊತ್ತಿಲ್ಲದವನಿಗೆ ದಾರಿ ಹೇಳುವ ಹಾಗೆ. ಏನಾಗಬೇಕಿತ್ತು, ಏನಾಯಿತು, ಪ್ರತಿ ಸಲ ಆಗುತ್ತಾ ಒಮ್ಮೊಮ್ಮೆಯಾ, ಅದನ್ನೂ ಹಾಕಿ. ಸ್ಕ್ರೀನ್ ರೆಕಾರ್ಡ್ ಮಾಡಿ ಕಳಿಸಿದರೆ ಇನ್ನೂ ಒಳ್ಳೆಯದು. ರೆಕಾರ್ಡ್ ಮಾಡುವ ಮುಂಚೆ ನೋಟಿಫಿಕೇಶನ್ ಆಫ್ ಮಾಡಿ, ನಾನೊಮ್ಮೆ ನನ್ನ ಒಟಿಪಿಯನ್ನೂ ಸೇರಿಸಿ ಕಳಿಸಿದ್ದೆ.

ಟಿಪ್ಪಣಿಗಾರ
ಇದು ಸರಿಯಾ ನೋಡಿ:
‘ಆಂಡ್ರಾಯ್ಡ್ 11. ಒಂದು ಟಿಪ್ಪಣಿ ತೆರೆದೆ, ಮೇಲಿನ ಗಂಟೆಯ ಚಿತ್ರ ಒತ್ತಿದೆ, ಬೆಳಿಗ್ಗೆ 8 ಆರಿಸಿದೆ, ವಿಷಯದ ಜಾಗದಲ್ಲಿ ಬೆರಳಿಟ್ಟೆ. ಕೀಬೋರ್ಡ್ ಮೇಲೆ ಬಂತು. ವಿಷಯ ಬರೆದೆ. ಕೆಳಗೆ ಉಳಿಸಿ ಗುಂಡಿ ಇರಬೇಕಿತ್ತು, ಇಲ್ಲ. ಮೇಲೆ ಕೆಳಗೆ ಸರಿಸಿದರೂ ಬರುವುದಿಲ್ಲ. ಐದು ಸಲ ಮಾಡಿದೆ, ಐದು ಸಲವೂ ಹೀಗೇ.’
ಇದರ ಜೊತೆ ಫೋನಿನ ಮಾದರಿ, ಆವೃತ್ತಿ ಸಂಖ್ಯೆ, ಒಂದು ವಿಡಿಯೋ.

ಕಟ್ಟುವವಳು
ಇಂಥದ್ದು ನನಗೆ ಬಂದರೆ ಪ್ರಿಂಟ್ ತೆಗೆದು ಗೋಡೆಗೆ ಅಂಟಿಸಿಕೊಳ್ಳುತ್ತೇನೆ.

ಒಂಟಿಸಲಗ
ಇಷ್ಟು ಕೆಲಸಕ್ಕೆ ಸಂಬಳ ಕೊಡಬೇಕು ಅಂತಲೇ ನಾನು ಹೇಳಿದ್ದು. ಇವರು ಅರ್ಧ ದಿನ ಕೂತಿದ್ದಾರೆ.

ಕಟ್ಟುವವಳು
ಕೊಡಬೇಕು, ಕೊಡಲು ಆಗುವವರು. ಆದರೆ ಸಂಬಳದ ಟೆಸ್ಟರ್ ಹತ್ತಿರ ಇರುವುದು ಹತ್ತು ಫೋನ್, ಎಲ್ಲ ಹೊಸದು, ಶುಭ್ರ. ಜನರ ಕೈಯಲ್ಲಿರುವ ಫೋನ್ ಹಾಗಿರಲ್ಲ. ಒಡೆದ ಗಾಜು, ತುಂಬಿದ ಮೆಮೊರಿ, ಯಾರೋ ಬದಲಾಯಿಸಿದ ಸೆಟ್ಟಿಂಗ್.

ಟಿಪ್ಪಣಿಗಾರ
ಡೆವಲಪರಿಂದ ಉತ್ತರ ಬಂತು, ಎರಡೇ ದಿನದಲ್ಲಿ. ‘ವಿವರವಾದ ವರದಿಗೆ ಧನ್ಯವಾದ. ಅದೇ ಮಾದರಿಯ ಫೋನಿನಲ್ಲಿ ಪ್ರಯತ್ನಿಸಿದೆವು, ನಮಗೆ ಗುಂಡಿ ಕಾಣುತ್ತಿದೆ.’ ಜೊತೆಗೆ ಅವರದ್ದೊಂದು ಸ್ಕ್ರೀನ್‌ಶಾಟ್. ನಿಜ, ಅದರಲ್ಲಿ ಗುಂಡಿ ಕೂತಿದೆ. ನನ್ನದರಲ್ಲಿ ಇಲ್ಲ. ನನ್ನ ತಲೆ ಕೆಟ್ಟಿದೆ.

ಗುಬ್ಬಚ್ಚಿ
ಎರಡೂ ಚಿತ್ರ ಇಲ್ಲಿ ಹಾಕಿ.

ಅಲ್ಪವಿರಾಮ
ಹಾಕಿದ್ದನ್ನು ನೋಡಿದೆ. ಗುಂಡಿ ಬಿಡಿ, ಅಕ್ಷರ ನೋಡಿ. ಅವರ ಚಿತ್ರದಲ್ಲಿ ‘ಹೊತ್ತು ಆರಿಸಿ’ ಒಂದು ಸಾಲಿನಲ್ಲಿದೆ, ಪಕ್ಕದಲ್ಲಿ ಇನ್ನೂ ಜಾಗ ಇದೆ. ನಿಮ್ಮದರಲ್ಲಿ ಅದೇ ಎರಡು ಸಾಲಾಗಿದೆ. ನಿಮ್ಮ ಫೋನಿನಲ್ಲಿ ಫಾಂಟ್ ಸೈಜ್ ಎಷ್ಟಿಟ್ಟಿದ್ದೀರಿ?

ಟಿಪ್ಪಣಿಗಾರ
ಓ! ಸೆಟ್ಟಿಂಗಿಗೆ ಹೋಗಿ ನೋಡಿದೆ. ಫಾಂಟ್ ಪೂರ್ತಿ ಬಲಕ್ಕೆ ಎಳೆದಿದೆ, ಡಿಸ್‌ಪ್ಲೇ ಸೈಜೂ ಹಾಗೇ. ಇದು ಅಪ್ಪ ಬಳಸಿ ಬಿಟ್ಟ ಫೋನ್. ಅಕ್ಷರ ದೊಡ್ಡದಿದೆ ಅಂತ ಕಾಣುತ್ತಿತ್ತು, ಹಳೆಯ ಫೋನ್ ಅಂದರೆ ಹೀಗೇ ಅಂದುಕೊಂಡೆ. ಫಾಂಟನ್ನು ನಡುವಿಗೆ ತಂದೆ, ಗುಂಡಿ ಬಂತು. ಮತ್ತೆ ಬಲಕ್ಕೆ ಎಳೆದೆ, ಗುಂಡಿ ಮಾಯ.

ಸೊನ್ನೆಒಂದು
ಹಿಡಿದಿರಿ. ಅಕ್ಷರ ದೊಡ್ಡದಾದ ಹಾಗೆ ಪ್ರತಿ ಸಾಲೂ ಬೆಳೆದು ಗುಂಡಿಯನ್ನು ಕೆಳಗೆ ತಳ್ಳಿದೆ, ಕೆಳಗೆ ಕೀಬೋರ್ಡ್ ಮುಚ್ಚಿಕೊಂಡಿದೆ. ಆ ಪುಟ ಸರಿಯುವ ಹಾಗೆ ಮಾಡಿಲ್ಲ. ಹೊಸ ಫೋನುಗಳಲ್ಲಿ ಇನ್ನೂ ಜಾಸ್ತಿ ಆಗಬಹುದು, ಆಂಡ್ರಾಯ್ಡ್ 14ರಿಂದ ಅಕ್ಷರವನ್ನು ಶೇಕಡಾ 200ರ ತನಕ ದೊಡ್ಡದು ಮಾಡಬಹುದು. ತಕ್ಷಣ ಬರೆದು ಕಳಿಸಿ.

ಗುಬ್ಬಚ್ಚಿ
ಕಾಪಾಡಿ ಗುಂಡಿಯೇ ಕಾಣಿಸದೆ ಹೋದರೆ ಯಾರನ್ನು ಕರೆಯೋದು 😄

ನಿಶಾಚರ
ನಾನು ಹನ್ನೊಂದು ಬೀಟಾದಲ್ಲಿ ಒಂದನ್ನೂ ಹೀಗೆ ಹಿಡಿದಿಲ್ಲ. ನಾಲ್ಕನ್ನು ಇವತ್ತು ಬಿಟ್ಟೆ. ಎರಡು ಯಾವುದಕ್ಕೆ ಅಂತಲೇ ನೆನಪಿರಲಿಲ್ಲ.

ಟಿಪ್ಪಣಿಗಾರ
ಕಳಿಸಿದೆ. ಉತ್ತರವೂ ಬಂತು, ಈಗ ಅವರಲ್ಲೂ ಹಾಗೇ ಆಗುತ್ತಿದೆಯಂತೆ, ಮುಂದಿನ ಬಿಲ್ಡಿನಲ್ಲಿ ಸರಿ ಮಾಡುತ್ತಾರಂತೆ. ಒಂದು ವಿಷಯ ಮಾತ್ರ ಅವರೇ ಕೇಳಿದ್ದಾರೆ: ಇದು ಈ ಬೀಟಾದಲ್ಲಿ ಹೊಸದಾಗಿ ಬಂದದ್ದಾ, ಮೊದಲಿಂದಲೂ ಇತ್ತಾ?

ಕಟ್ಟುವವಳು
ಒಳ್ಳೆಯ ಪ್ರಶ್ನೆ. ಅಪ್ಪ ಈಗ ಯಾವ ಫೋನ್ ಬಳಸುತ್ತಾರೆ? ಅದರಲ್ಲಿ ಈ ಆ್ಯಪ್ ಇದೆಯಾ?

ಟಿಪ್ಪಣಿಗಾರ
ಇದೆ, ಎರಡು ವರ್ಷದ ಹಿಂದೆ ನಾನೇ ಹಾಕಿಕೊಟ್ಟಿದ್ದೆ, ಮಾತ್ರೆ ತಗೊಳ್ಳೋದು ನೆನಪಿಸಲಿ ಅಂತ. ಬೀಟಾ ಅಲ್ಲ, ಸಾಮಾನ್ಯ ಆವೃತ್ತಿ. ಸಂಜೆ ಕೇಳಿ ಬರೆಯುತ್ತೇನೆ.

ಟಿಪ್ಪಣಿಗಾರ
ಕೇಳಿದೆ. ಫೋನ್ ಕೈಗೆ ಕೊಟ್ಟು, ಅಪ್ಪಾ ಒಂದು ಅಲಾರಂ ಇಡು ನೋಡೋಣ ಅಂದೆ. ಗಂಟೆ ಒತ್ತಿದರು, ಹೊತ್ತು ಆರಿಸಿದರು, ‘ಬಿಪಿ ಮಾತ್ರೆ’ ಅಂತ ಬರೆದರು. ಗುಂಡಿ ಇಲ್ಲ. ಅವರು ಒಂದು ಕ್ಷಣವೂ ನಿಲ್ಲಲಿಲ್ಲ. ಹಿಂದಕ್ಕೆ ಹೋಗುವ ಬಾಣವನ್ನು ಒಂದು ಸಲ ಒತ್ತಿದರು, ಕೀಬೋರ್ಡ್ ಇಳಿಯಿತು, ಕೆಳಗೆ ಉಳಿಸಿ ಕಾಣಿಸಿತು, ಒತ್ತಿದರು. ಎರಡು ವರ್ಷದಿಂದ ಹೀಗೇ ಮಾಡುತ್ತಿದ್ದಾರೆ. ನನಗೆ ಯಾಕೆ ಹೇಳಲಿಲ್ಲ ಅಂದರೆ, ‘ಅದು ಇರೋದೇ ಹಾಗಲ್ವಾ? ನೀನೂ ಹಾಗೇ ಮಾಡಲ್ವಾ?’ ಅಂದರು.